ಲೆಕ್ಕ ಹಾಕಿ ಹಂಚಿದ ಜನ

ಪೌರತ್ವವೆಂದರೇನು, ಒಂದು ರಾಷ್ಟ್ರದ ಪ್ರಜೆ ಯಾರು, ಯಾರಲ್ಲ, ಅದನ್ನು ನಿರ್ಣಯಿಸುವ ಅಧಿಕಾರ ಯಾರದು ಎಂಬ ಪ್ರಶ್ನೆಗಳು ಈಗ ನಮ್ಮ ದೇಶದಲ್ಲಿಯೂ ಹೊರದೇಶಗಳಲ್ಲಿಯೂ ಬಿರುಸಾಗಿ ಚರ್ಚಿಸಲ್ಪಡುತ್ತಲಿವೆ. ಚರ್ಚೆಗಿಳಿದವರಲ್ಲಿ ಹೆಚ್ಚಿನವರು ಕಾಯಿದೆಯ ಕಲಮುಗಳನ್ನು ಹಿಡಿದೇ ಮಾತನಾಡುವರು. ನಾವಾದರೋ ವಾಚಕರ ಲಕ್ಷ್ಯವನ್ನು ದಕ್ಷಿಣ ಕನ್ನಡ ಜಿಲ್ಲೆಯ ಸುಳ್ಯ, ಪುತ್ತೂರು ತಾಲೂಕುಗಳ ರಬ್ಬರು ತೋಟಗಳ ಕಡೆಗೆ ಸೆಳೆಯಬಯಸುತ್ತೇವೆ. ಕರ್ನಾಟಕ ಅರಣ್ಯ ಅಭಿವೃದ್ಧಿ ನಿಗಮದ ಆ ತೋಟಗಳಲ್ಲಿ ನಸುಕಿನಲ್ಲೆದ್ದು ಮರದ ತೊಗಟೆ ಕೆತ್ತಿ ಹಾಲಿಳಿಸುವ ಅನೇಕ ಕೂಲಿಕಾರರ ಮನೆಮಾತು ತಮಿಳು. ಅವರು ಇಲ್ಲವೆ ಅವರ ಹಿರಿಯರು ಹುಟ್ಟಿದ್ದು ಸಿಂಹಳ ದ್ವೀಪದ ಚಹದ ಗುಡ್ಡಗಳಲ್ಲಿ. ಎರಡು ಸರಕಾರಗಳು ದಿಲ್ಲಿಯಲ್ಲಿ ಕುಳಿತು, ಇಷ್ಟು ಲಕ್ಷ ನಿಮಗೆ, ಇಷ್ಟು ಲಕ್ಷ ನಮಗೆ ಎಂದು ಮಾಡಿಕೊಂಡ ಕರಾರಿನ ಮೇರೆಗೆ ಇಲ್ಲಿಗೆ ಬಂದವರು ಇವರು. ಆ ಲೆಕ್ಕ ಹಾಕುವ ಮುಂಚೆ ಇವರ ಅಭಿಪ್ರಾಯವನ್ನು ಯಾರೂ ಕೇಳಿರಲಿಲ್ಲ.

ಈ ಕಥೆಯ ಮೂಲ ಹತ್ತೊಂಬತ್ತನೆಯ ಶತಮಾನದ ಪೂರ್ವಾರ್ಧದಲ್ಲಿರುವದು. ಆಂಗ್ಲ ಬಂಡವಲಗಾರರು ಸಿಂಹಳದ ಬೆಟ್ಟಗಳಲ್ಲಿ ಮೊದಲು ಕಾಫಿಯನ್ನು, ೧೮೬೯ರಿಂದೀಚೆಗೆ ಎಲೆರೋಗ ತಗಲಿ ಕಾಫಿ ಹಾಳಾಗಲು ಚಹವನ್ನು ಬೆಳೆದರು. ದುಡಿಯುವ ಕೈಗಳು ಬಂದದ್ದು ತಿರುಚಿರಾಪಳ್ಳಿ, ಮದುರೆ, ಸೇಲಂ, ರಾಮನಾಡು ಸೀಮೆಗಳ ಬಡ ಹಳ್ಳಿಗಳಿಂದ. ಕಡಲು ದಾಟಿ, ಮನ್ನಾರದ ತೀರದಲ್ಲಿಳಿದು, ಕಾಡಿನ ಹಾದಿಯಲ್ಲಿ ಮಾತಳೆಯವರೆಗೆ ನಡೆದುಹೋಗಬೇಕಾದ ಆ ಪಯಣದಲ್ಲಿ ಕಾಲರಾ, ಚಳಿಜ್ವರಗಳಿಗೆ ಬಲಿಯಾದವರೆಷ್ಟೋ! ತೋಟ ಮುಟ್ಟಿದವರು ಕಂಗಾಣಿಯೆಂಬ ಮೇಸ್ತ್ರಿಯ ಸಾಲಗಾರರಾಗಿಯೇ ಕೆಲಸಕ್ಕೆ ನಿಂತರು. ಒಂದು ತೋಟ ಬಿಟ್ಟು ಇನ್ನೊಂದಕ್ಕೆ ಹೋಗಬೇಕಾದರೆ ‘ತುಂಡು’ ಎಂಬ ಚೀಟಿ ಬೇಕು; ಆಳಿನ ಮೇಲಿರುವ ಸಾಲವೆಷ್ಟೆಂಬದು ಅದರಲ್ಲಿ ಬರೆದಿರುವದು; ಹೊಸ ಧಣಿ ಆ ಸಾಲ ತೀರಿಸಿ ಆಳನ್ನು ಪಡೆಯುವನು. ಈ ಪದ್ಧತಿ ರದ್ದಾದದ್ದು ೧೯೨೧ರಲ್ಲಿ. ಮನುಷ್ಯನನ್ನು ಚೀಟಿಯಲ್ಲಿ ಬರೆದು ಕೈಬದಲಿಸುವ ವಾಡಿಕೆ ಅಂದಿಗೆ ಮುಗಿಯಿತೆಂದು ಅಂದಿನ ಜನ ತಿಳಿದಿರಬಹುದು.

ಸಿಂಹಳೀಯರ ಕಡೆಯ ಮಾತನ್ನೂ ನಾವು ಕೇಳಬೇಕು. ೧೮೪೦ರ ಒಂದು ಶಾಸನದಿಂದ ಆಂಗ್ಲ ಸರಕಾರವು, ಒಡೆತನದ ದಾಖಲೆಯಿಲ್ಲದ ಕಾಡು ಬೀಳುಗಳೆಲ್ಲ ತನ್ನವೆಂದು ಸಾರಿ ತೋಟಗಾರರಿಗೆ ಮಾರಿತು. ಕಂಡಿ ಸೀಮೆಯ ರೈತನು ತನ್ನ ಊರಿನ ಗೋಮಾಳ, ಕುಮರಿಗಳನ್ನು ಕಳೆದುಕೊಂಡನು. ಅವನ ಕಣ್ಣಿಗೆ ಬಿದ್ದದ್ದು ಲಂಡನ್ನಿನಲ್ಲಿದ್ದ ಪಾಲುದಾರನಲ್ಲ, ಗುಡ್ಡದ ಮೇಲೆ ಬುಟ್ಟಿ ಹೊತ್ತು ನಿಂತ ಪರಭಾಷೆಯ ಕೂಲಿಯಾಳು. ಅವನ ಸಂಕಟ ನಿಜವಾದದ್ದೇ ಸರಿ. ಆದರೆ ಭೂಮಿಯನ್ನು ಕಸಿದವನ ಮೇಲಿನ ಸಿಟ್ಟನ್ನು, ಆ ಭೂಮಿಯಲ್ಲಿ ಗೇಣಗಲ ಸ್ವಂತ ನೆಲವೂ ಇಲ್ಲದವನ ಮೇಲೆ ತೀರಿಸಿಕೊಳ್ಳುವಂತೆ ಅವನಿಗೆ ಕಲಿಸಿದವರು ಅವನ ಧುರೀಣರು.

೧೯೩೧ರಲ್ಲಿ, ಡೊನೊಮೋರ್ ಆಯೋಗದ ಸುಧಾರಣೆಗಳ ಫಲವಾಗಿ, ಸಿಂಹಳಕ್ಕೆ ವಯಸ್ಕ ಮತಾಧಿಕಾರ ದೊರೆಯಿತು. ನಮ್ಮಲ್ಲಿ ಅದಿನ್ನೂ ಕನಸಾಗಿದ್ದ ಕಾಲವದು. ಕೆಲವು ನಿರ್ಬಂಧಗಳೊಡನೆಯಾದರೂ ತೋಟದ ಕೂಲಿಕಾರರಿಗೂ ಮತ ಬಂದಿತು. ೧೯೪೬ರ ಖಾನೇಸುಮಾರಿಯ ಪ್ರಕಾರ ಹಿಂದುಸ್ಥಾನ ಮೂಲದ ತಮಿಳರು ಸುಮಾರು ೭ ಲಕ್ಷ ೮೦ ಸಾವಿರ, ದ್ವೀಪದ ಜನರಲ್ಲಿ ನೂರಕ್ಕೆ ಹನ್ನೆರಡರಷ್ಟು. ೧೯೪೭ರ ಚುನಾವಣೆಯಲ್ಲಿ ಅವರ ಸಂಸ್ಥೆಯಾದ ಸಿಲೋನ್ ಇಂಡಿಯನ್ ಕಾಂಗ್ರೆಸ್ಸಿನಿಂದ ಆರೇಳು ಜನ ಪಾರ್ಲಿಮೆಂಟಿಗೆ ಆರಿಸಿಬಂದರು. ಇನ್ನೂ ಕೆಲವು ಕ್ಷೇತ್ರಗಳಲ್ಲಿ ಅವರ ಮತಗಳು ಎಡಪಂಥದವರನ್ನು ಗೆಲ್ಲಿಸಿದವು. ಪ್ರಧಾನಿ ಡಿ. ಎಸ್. ಸೇನಾನಾಯಕರ ಪಕ್ಷಕ್ಕೆ ಸ್ಪಷ್ಟ ಬಹುಮತ ದಕ್ಕಲಿಲ್ಲ. ಮುಂದೆ ನಡೆದದ್ದನ್ನು ಅರಿಯಲು ಈ ಒಂದು ಸಂಗತಿಯೇ ಸಾಕೆಂದು ನಮಗನಿಸುತ್ತದೆ.

೧೯೪೮ರ ಫೆಬ್ರುವರಿ ೪ರಂದು ಸಿಂಹಳವು ಸ್ವತಂತ್ರವಾಯಿತು. ಅದೇ ವರುಷ ಹೊರಟಿತು ೧೮ನೆಯ ನಂಬರಿನ ಪೌರತ್ವದ ಕಾಯಿದೆ. ವಂಶಾನುಗತ ಪೌರತ್ವವನ್ನು ನಿರೂಪಿಸುವ ಅದರ ಕಲಮುಗಳನ್ನು ಓದಿದರೆ ಮೊದಲ ನೋಟಕ್ಕೆ ಆಕ್ಷೇಪಿಸತಕ್ಕದ್ದೇನೂ ಕಾಣದು. ಯಾವ ಜನಾಂಗದ ಹೆಸರೂ ಅಲ್ಲಿಲ್ಲ. ದ್ವೀಪದಲ್ಲಿ ಹುಟ್ಟಿದವನ ತಂದೆಯೂ ದ್ವೀಪದಲ್ಲಿಯೇ ಹುಟ್ಟಿರಬೇಕು. ಇಲ್ಲದಿದ್ದರೆ ತಂದೆಯ ಕಡೆಯ ಅಜ್ಜನೂ ಮುತ್ತಜ್ಜನೂ ಇಬ್ಬರೂ ಅಲ್ಲಿ ಹುಟ್ಟಿರಬೇಕು. ಇಷ್ಟೇ ಶರತ್ತು. ಸಿಂಹಳೀಯನನ್ನು ಈ ದಾಖಲೆ ಯಾರೂ ಕೇಳುವದಿಲ್ಲ. ಅವನ ಹೆಸರೇ ಅವನ ಸಾಕ್ಷಿ. ತೋಟದ ತಮಿಳನು ಮಾತ್ರ ಕಚೇರಿಯ ಬಾಗಿಲಿನಲ್ಲಿ ನಿಂತು ತಂದೆಯ ಜನನದ ದಾಖಲೆ ತೋರಿಸಬೇಕು. ನಮ್ಮ ವಾಚಕರಲ್ಲಿ ಎಷ್ಟು ಜನ ಮುತ್ತಜ್ಜನ ಜನನಪತ್ರವನ್ನು ತೆಗೆದು ತೋರಿಸಬಲ್ಲರು? ಇದನ್ನು ಬರೆಯುತ್ತಿರುವ ನಮಗಂತೂ ಅಜ್ಜನದೇ ಸಿಕ್ಕುವಂತಿಲ್ಲ.

ಮರುವರುಷ, ೧೯೪೯ರಲ್ಲಿ, ಮತ್ತೆರಡು ಕಾಯಿದೆಗಳು ಬಂದವು. ಒಂದು, ಹಿಂದುಸ್ಥಾನ ಪಾಕಿಸ್ತಾನಗಳ ಮೂಲದ ನಿವಾಸಿಗಳು ಅರ್ಜಿ ಹಾಕಿ ಪೌರತ್ವ ಪಡೆಯಬಹುದೆಂಬದು. ವಿವಾಹಿತರಾದರೆ ೧೯೪೬ರ ಜನೇವರಿಗೆ ಹಿಂದಿನ ಏಳು ವರುಷ, ಅವಿವಾಹಿತರಾದರೆ ಹತ್ತು ವರುಷ ಎಡೆಬಿಡದೆ ದ್ವೀಪದಲ್ಲಿ ವಾಸವಾಗಿದ್ದುದನ್ನು ರುಜುವಾತುಪಡಿಸಬೇಕು. ಅರ್ಜಿಗೆ ಎರಡು ವರುಷದ ಗಡುವು. ಸುಮಾರು ೨ ಲಕ್ಷ ೩೭ ಸಾವಿರ ಅರ್ಜಿಗಳು ಬಂದವು. ಅವುಗಳಲ್ಲಿ ಅಡಕವಾದ ಜನ ೮ ಲಕ್ಷಕ್ಕೂ ಮಿಕ್ಕಿ. ಹತ್ತು ಹನ್ನೆರಡು ವರುಷ ನಡೆದ ವಿಚಾರಣೆಯ ಕೊನೆಗೆ ಪೌರತ್ವ ದೊರೆತದ್ದು ಸುಮಾರು ೧ ಲಕ್ಷ ೩೪ ಸಾವಿರ ಜನರಿಗೆ. ಎರಡನೆಯ ಕಾಯಿದೆಯು ಪೌರರಲ್ಲದವರಿಗೆ ಮತವಿಲ್ಲವೆಂದು ಸಾರಿತು. ೧೯೩೧ರಿಂದ ಮತ ಹಾಕುತ್ತ ಬಂದವರು ಸ್ವಾತಂತ್ರ್ಯದ ಮರುವರುಷವೇ ಮತಹೀನರಾದರು. ಪರತಂತ್ರ ಸಿಂಹಳದಲ್ಲಿದ್ದ ಹಕ್ಕು ಸ್ವತಂತ್ರ ಸಿಂಹಳದಲ್ಲಿ ಇಲ್ಲವಾಯಿತು. ಇದರಲ್ಲಿಯೇ ಅಡಗಿರುವ ಇನ್ನೊಂದು ಕುಶಲತೆಯನ್ನು ವಾಚಕರು ಗಮನಿಸಬೇಕು. ಅಲ್ಲಿ ಮತಕ್ಷೇತ್ರಗಳ ವಿಂಗಡಣೆಯಾಗುತ್ತಿದ್ದದ್ದು ಮತದಾರರ ಎಣಿಕೆಯಿಂದಲ್ಲ, ಜನಸಂಖ್ಯೆಯಿಂದ. ಆದ್ದರಿಂದ ಕ್ಷೇತ್ರಗಳನ್ನು ಹೆಚ್ಚಿಸಲು ಕೂಲಿಕಾರರ ತಲೆಗಳು ಲೆಕ್ಕಕ್ಕೆ ಬಂದವು. ಆ ಕ್ಷೇತ್ರಗಳಿಂದ ಪ್ರತಿನಿಧಿಗಳನ್ನು ಕಳಿಸುವ ಅಧಿಕಾರ ಮಾತ್ರ ನೆರೆಯ ಸಿಂಹಳೀಯ ಮತದಾರರದಾಯಿತು. ೧೯೫೨ರಲ್ಲಿ ಸಿಲೋನ್ ಇಂಡಿಯನ್ ಕಾಂಗ್ರೆಸ್ಸು ಕೊಲಂಬೋದಲ್ಲಿ ತಿಂಗಳುಗಟ್ಟಲೆ ಸತ್ಯಾಗ್ರಹ ನಡೆಸಿತು. ಫಲ ದೊರೆಯಲಿಲ್ಲ.

ಉತ್ತರದ ಜಾಫ್ನಾ ಸೀಮೆಯ ತಮಿಳರು ಆಗ ಏನು ಮಾಡುತ್ತಿದ್ದರೆಂದು ಯಾರಾದರೂ ಕೇಳಬಹುದು. ಅವರ ಮುಂದಾಳುಗಳಾದ ಜಿ. ಜಿ. ಪೊನ್ನಂಬಲಂ ಅವರು ಮಂತ್ರಿಪದವಿಯನ್ನು ಸ್ವೀಕರಿಸಿ ೧೯೪೯ರಲ್ಲಿ ಸರಕಾರದ ಬೆನ್ನಿಗೆ ನಿಂತರು. ಅವರ ಸಹೋದ್ಯೋಗಿಗಳಾದ ಎಸ್. ಜೆ. ವಿ. ಚೆಲ್ವನಾಯಕಂ ಅವರು ಇದಕ್ಕೊಡಂಬಡದೆ ಹೊರಬಂದು ಫೆಡರಲ್ ಪಕ್ಷವನ್ನು ಕಟ್ಟಿದರು. ಇಂದು ಕೂಲಿಕಾರನಿಗೆ ಬಂದದ್ದು ನಾಳೆ ತಮಗೂ ಬಂದೀತೆಂಬದು ಅವರ ಅಂಜಿಕೆ. ಏಳು ವರುಷ ಹೋಗಲಿಲ್ಲ. ೧೯೫೬ರಲ್ಲಿ ಸಿಂಹಳವೊಂದೇ ರಾಜಭಾಷೆಯೆಂಬ ಕಾಯಿದೆ ಬಂದಿತು. ಅಲ್ಲಿಂದ ೧೯೮೩ರ ಹತ್ಯಾಕಾಂಡಕ್ಕೂ, ೨೦೦೯ರಲ್ಲಿ ಮುಗಿದ ಅಂತರ್ಯುದ್ಧಕ್ಕೂ ಹಾದಿ ನೇರವಾಗಿತ್ತೆಂದು ನಾವು ಹೇಳಲಾರೆವು. ಆದರೆ ಬಹುಮತದ ಬಲದಿಂದ ಒಂದು ಪಂಗಡವನ್ನು ರಾಷ್ಟ್ರದಿಂದ ಕಳೆದುಬಿಡಬಹುದೆಂಬ ಪಾಠವನ್ನು ಅಲ್ಲಿಯ ಮುತ್ಸದ್ದಿಗಳು ಕಲಿತದ್ದು ಚಹದ ತೋಟಗಳಲ್ಲಿಯೇ.

ಇಷ್ಟು ಬರೆದು ಲೇಖನಿಯನ್ನು ಕೆಳಗಿಟ್ಟರೆ ನಾವು ಅರ್ಧ ಸತ್ಯವನ್ನು ಹೇಳಿದಂತಾಗುವದು. ಪರರ ರಾಷ್ಟ್ರೀಯತೆಯ ದೋಷಗಳನ್ನು ಎತ್ತಿ ತೋರಿಸುವದು ಸುಲಭ, ನಮ್ಮದನ್ನು ನೋಡೋಣ. ನೆಹರೂ ಅವರು ಬಹುಕಾಲ ಒಂದೇ ಮಾತು ಹಿಡಿದಿದ್ದರು: ತಲೆಮಾರುಗಳಿಂದ ಅಲ್ಲಿ ದುಡಿದು ಅಲ್ಲಿಯೇ ನೆಲಸಿದವರು ಅಲ್ಲಿಯ ಪ್ರಜೆಗಳು, ತಾವಾಗಿ ಬಯಸಿ ಬರುವವರನ್ನಷ್ಟೇ ಹಿಂದುಸ್ಥಾನವು ಸ್ವೀಕರಿಸುವದು. ಅವರ ಕಾಲಾನಂತರ ಅಧಿಕಾರಕ್ಕೆ ಬಂದು ಐದು ತಿಂಗಳೂ ತುಂಬಿರದ ಶಾಸ್ತ್ರಿಯವರು ೧೯೬೪ರ ಅಕ್ಟೋಬರ ೩೦ರಂದು ಶ್ರೀಮತಿ ಸಿರಿಮಾವೊ ಬಂಡಾರನಾಯಕೆಯವರೊಡನೆ ಕರಾರಿಗೆ ಸಹಿ ಹಾಕಿದರು. ಚೀನದ ಯುದ್ಧದಿಂದ ನೊಂದ ದೇಶಕ್ಕೆ ನೆರೆಹೊರೆಯ ಸ್ನೇಹ ಬೇಕಾಗಿತ್ತೆಂಬದನ್ನು ನಾವು ಬಲ್ಲೆವು. ಆದರೂ ಆ ಕರಾರಿನ ಅಂಕಿಗಳನ್ನು ನೋಡಿರಿ. ದಿಕ್ಕಿಲ್ಲದವರು ೯ ಲಕ್ಷ ೭೫ ಸಾವಿರ. ಅವರಲ್ಲಿ ೫ ಲಕ್ಷ ೨೫ ಸಾವಿರ ಹಿಂದುಸ್ಥಾನಕ್ಕೆ, ೩ ಲಕ್ಷ ಸಿಂಹಳಕ್ಕೆ. ಉಳಿದ ಒಂದೂವರೆ ಲಕ್ಷದ ಮಾತು ಮುಂದೆ. ೧೯೭೪ರಲ್ಲಿ ಆ ಉಳಿಕೆಯನ್ನೂ ತಲಾ ೭೫ ಸಾವಿರದಂತೆ ಸಮಪಾಲು ಮಾಡಿದರು. ಏಳು ಜನ ಹಡಗು ಹತ್ತಿದರೆ ಇನ್ನು ನಾಲ್ವರಿಗೆ ಅಲ್ಲಿ ಪೌರತ್ವ ಎಂಬದು ಅದರ ಪ್ರಮಾಣ. ಯಾವ ದೇಶ ಬೇಕೆಂದು ಕುಟುಂಬಗಳು ಅರ್ಜಿ ಹಾಕಿದವು ನಿಜ. ಆದರೆ ಪಾಲಿನ ಮಿತಿ ಅರ್ಜಿಗೆ ಮೊದಲೇ ಗೊತ್ತಾಗಿತ್ತು. ಅಣ್ಣ ಇಲ್ಲಿ, ತಮ್ಮ ಅಲ್ಲಿ ಎಂದು ಒಡೆದ ಮನೆಗಳು ಎಷ್ಟೋ. ಅಂದಿನ ತುಂಡುಚೀಟಿಗೂ ಈ ಕರಾರಿಗೂ ವ್ಯತ್ಯಾಸವಿಷ್ಟೇ: ತುಂಡಿನಲ್ಲಿ ಕೂಲಿಯ ಹೆಸರಾದರೂ ಇರುತ್ತಿತ್ತು.

ಕರಾರಾಗಿ ಎರಡು ತಿಂಗಳು ತುಂಬುವಷ್ಟರಲ್ಲಿ ಡಿಸೆಂಬರದ ಚಂಡಮಾರುತವು ಧನುಷ್ಕೋಟಿಯನ್ನೇ ಕೊಚ್ಚಿಕೊಂಡು ಹೋಯಿತು. ಆಮೇಲೆ ಹಡಗು ತಲೈಮನ್ನಾರದಿಂದ ರಾಮೇಶ್ವರಕ್ಕೆ ಬರತೊಡಗಿತು. ಇಳಿದವರಿಗೆ ಮಂಟಪಂ ಎಂಬಲ್ಲಿ ಬಿಡಾರ. ಅಲ್ಲಿಂದ ನೀಲಗಿರಿಯ ಚಹದ ತೋಟಗಳಿಗೆ, ಆಂಧ್ರದ ನೂಲಿನ ಗಿರಣಿಗಳಿಗೆ, ಕೇರಳದ ಪುನಲೂರಿಗೆ, ನಮ್ಮ ಸುಳ್ಯ ಪುತ್ತೂರುಗಳಿಗೆ. ಚಹದ ಚಿಗುರು ಚಿವುಟಿ ಬಲ್ಲವರು ಇಲ್ಲಿ ರಬ್ಬರಿನ ಚೂರಿ ಹಿಡಿಯಲು ಕಲಿತರು. ಕಾಗದದ ಮೇಲೆ ಅವರು ಭಾರತದ ಪೂರ್ಣ ಪ್ರಜೆಗಳು. ಆದರೆ ಅವರಲ್ಲಿ ಬಹುಪಾಲು ಜನ ದಲಿತ ಜಾತಿಗಳವರಾಗಿದ್ದರೂ, ಹುಟ್ಟೂರು ಕಡಲಾಚೆಗಿರುವದರಿಂದ ಜಾತಿಯ ಪ್ರಮಾಣಪತ್ರಕ್ಕಾಗಿ ಕಚೇರಿಯಿಂದ ಕಚೇರಿಗೆ ಬಹುಕಾಲ ತಿರುಗಬೇಕಾಯಿತು. ಅಲ್ಲಿ ಹಿಂದುಸ್ಥಾನದವರೆನಿಸಿಕೊಂಡವರು ಇಲ್ಲಿ ಸಿಂಹಳದವರೆನಿಸಿಕೊಂಡರು. ಅವರ ಮಕ್ಕಳು ಇಂದು ಕನ್ನಡ ಶಾಲೆಗಳಲ್ಲಿ ಓದುತ್ತಿದ್ದಾರೆ. ಕನ್ನಡದಲ್ಲಿಯೇ ಅರ್ಜಿ ಬರೆಯುತ್ತಿದ್ದಾರೆ. ಅವರನ್ನು ಇನ್ನೂ ನಿರಾಶ್ರಿತರೆಂದು ಕರೆಯುವ ರೂಢಿ ನಮ್ಮ ಜನರಲ್ಲಿ ಉಳಿದಿದ್ದರೆ ಅದು ನಮಗೆ ಶೋಭಿಸತಕ್ಕದ್ದಲ್ಲ.

ಕಾಲ ಬದಲಾಯಿತು. ೧೯೭೨ರಲ್ಲಿ ಶ್ರೀಲಂಕೆಯೆಂಬ ಹೆಸರು ತಳೆದ ಆ ರಾಷ್ಟ್ರವು ೧೯೮೮ರಲ್ಲಿ ಒಂದು, ೨೦೦೩ರ ಅಕ್ಟೋಬರದಲ್ಲಿ ಇನ್ನೊಂದು ಕಾಯಿದೆ ಮಾಡಿ, ೧೯೬೪ರಿಂದ ಅಲ್ಲಿಯೇ ನೆಲಸಿದ ಹಿಂದುಸ್ಥಾನ ಮೂಲದವರಿಗೂ ಅವರ ಸಂತತಿಗೂ ಪೌರತ್ವವನ್ನು ಕೊಟ್ಟಿತು. ೨೦೨೩ರಲ್ಲಿ, ಪೂರ್ವಜರು ಬಂದು ಇನ್ನೂರು ವರುಷವಾದ ನೆನಪಿಗೆ, ಬೆಟ್ಟನಾಡಿನ ಜನರು ತಲೈಮನ್ನಾರದಿಂದ ಮಾತಳೆಯವರೆಗೆ ಅದೇ ಹಳೆಯ ಹಾದಿಯಲ್ಲಿ ನಡೆದರು. ೨೦೨೨ರ ಆರ್ಥಿಕ ಕುಸಿತದ ತರುವಾಯ, ೨೦೨೪ರಲ್ಲಿ, ಅನುರ ಕುಮಾರ ದಿಸ್ಸನಾಯಕೆಯವರು ಅಧ್ಯಕ್ಷರಾದರು. ಅವರ ಕೂಟವು ತೋಟದ ಜನ ಬಹುಸಂಖ್ಯೆಯಲ್ಲಿರುವ ನುವರ ಎಲಿಯ ಜಿಲ್ಲೆಯಲ್ಲಿಯೂ ಗೆದ್ದಿತು. ಇದೇ ಜನರನ್ನು ಹಿಂದುಸ್ಥಾನದ ವಿಸ್ತಾರವಾದದ ಮುಂಚೂಣಿಯೆಂದು ತನ್ನ ಆರಂಭದ ದಿನಗಳಲ್ಲಿ ಬೋಧಿಸಿದ ಪಕ್ಷವೇ ಆ ಕೂಟದ ಬೆನ್ನೆಲುಬು! ದಿನಗೂಲಿ ಸಾವಿರ ರೂಪಾಯಿಯಾಗಲು ೨೦೨೧ರವರೆಗೆ ಕಾಯಬೇಕಾದ, ಇಂದಿಗೂ ಎಷ್ಟೋ ಕುಟುಂಬಗಳು ಆಂಗ್ಲರ ಕಾಲದ ಸಾಲುಮನೆಗಳಲ್ಲಿಯೇ ಇರುವ ಆ ಜನರಿಗೆ ಮತವೊಂದರಿಂದಲೇ ಎಲ್ಲವೂ ದೊರೆಯಲಿಲ್ಲ. ಆದರೂ ಅವರ ಮನೆಯಂಗಳಕ್ಕೆ ಈಗ ಪಕ್ಷಗಳು ಬರುತ್ತಿರುವದು ಮತವಿರುವದರಿಂದಲೇ.

ನಮ್ಮಲ್ಲಾದರೋ ಗತಿ ತಿರುವುಮುರುವಾಗಿರುವದು. ೧೯೮೪ರಲ್ಲಿ ಹಡಗು ನಿಂತ ಮೇಲೆ, ಗಲಭೆಗಳಿಗೆ ಬೆದರಿ ದೋಣಿಗಳಲ್ಲಿ ಬಂದವರೊಳಗೆ ಬೆಟ್ಟನಾಡಿನ ಮೂಲದವರೂ ಸಾವಿರಾರು ಜನ ಇದ್ದರು. ೧೯೬೪ರ ಲೆಕ್ಕದಲ್ಲಿ ಹಿಂದುಸ್ಥಾನದ ಪಾಲಿಗೆ ಬರಬೇಕಾಗಿದ್ದ ಮನೆತನಗಳೂ ಅವರಲ್ಲಿದ್ದವು. ತಮಿಳುನಾಡಿನ ಬಿಡಾರಗಳಲ್ಲಿ ಅವರ ಮಕ್ಕಳು, ಮೊಮ್ಮಕ್ಕಳು ಹುಟ್ಟಿ ಬೆಳೆದರು. ಕೊಲಂಬೋ ಬಾಗಿಲು ತೆರೆದ ೨೦೦೩ರಲ್ಲಿಯೇ, ಡಿಸೆಂಬರ ತಿಂಗಳಲ್ಲಿ, ನಮ್ಮ ಪಾರ್ಲಿಮೆಂಟು ಪೌರತ್ವ ಕಾಯಿದೆಯನ್ನು ತಿದ್ದಿ, ರಹದಾರಿಯಿಲ್ಲದೆ ಬಂದವನು ಅರ್ಜಿಯಿಂದ ಪೌರನಾಗುವ ದಾರಿಯನ್ನು ಮುಚ್ಚಿತು. ೨೦೧೯ರ ತಿದ್ದುಪಡಿಯು ಆ ದಾರಿಯನ್ನು ಕೆಲವರಿಗೆ ತೆರೆಯಿತು. ಆದರೆ ಅಫಗಾನಿಸ್ತಾನ, ಬಾಂಗ್ಲಾದೇಶ, ಪಾಕಿಸ್ತಾನಗಳಿಂದ ಬಂದ ಆರು ಮತಗಳವರಿಗೆ ಮಾತ್ರ. ಲಂಕೆಯ ಹೆಸರು ಆ ಪಟ್ಟಿಯಲ್ಲಿಲ್ಲ. ಅದೇ ವರುಷ ಜೂನಿನಲ್ಲಿ ಮದ್ರಾಸ್ ಉಚ್ಚ ನ್ಯಾಯಾಲಯದ ಮದುರೆ ಪೀಠವು ಈ ಜನರ ಪ್ರಾರ್ಥನೆಯನ್ನು ಕೇಳಿ, ಅವರ ಅರ್ಜಿಗಳನ್ನು ಪರಿಶೀಲಿಸಬೇಕೆಂದು ಕೇಂದ್ರ ಸರಕಾರಕ್ಕೆ ಹೇಳಿತು. ೨೦೨೫ರ ಸಪ್ಟೆಂಬರದಲ್ಲಿ, ೨೦೧೫ರ ಜನೇವರಿ ೯ಕ್ಕೆ ಮುಂಚೆ ಬಂದು ಹೆಸರು ನೋಂದಿಸಿಕೊಂಡ ಲಂಕೆಯ ತಮಿಳರಿಗೆ ರಹದಾರಿಯಿಲ್ಲದ ತಪ್ಪಿನ ದಂಡನೆಯಿಂದ ಸರಕಾರ ವಿನಾಯಿತಿ ಕೊಟ್ಟಿತು. ಶಿಕ್ಷೆ ತಪ್ಪಿದ್ದು ಒಳ್ಳೆಯದೇ. ಆದರೆ ಅದು ಪೌರತ್ವವಲ್ಲ.

ನಾವು ಕೇಳುವದು ದೊಡ್ಡದೇನೂ ಅಲ್ಲ. ಬಿಡಾರಗಳಲ್ಲಿರುವ ಬೆಟ್ಟನಾಡಿನ ಮೂಲದವರ ಪಟ್ಟಿಯನ್ನು ಬೇರೆಯಾಗಿ ತಯಾರಿಸಲಿ. ಇಲ್ಲಿಯೇ ಇರಬಯಸುವವರು ಯಾರು, ಮರಳಬಯಸುವವರು ಯಾರು ಎಂದು ಮನೆಮನೆಗೆ ಹೋಗಿ, ಹೆಂಗಸರನ್ನೂ ಸೇರಿಸಿ, ಒಬ್ಬೊಬ್ಬರನ್ನಾಗಿ ಕೇಳಲಿ. ಇರಬಯಸುವವರಿಗೆ ೧೯೬೪ರ ಕರಾರಿನ ಉಳಿದ ಭಾಗವೆಂದೇ ತಿಳಿದು ಪೌರತ್ವವನ್ನು ಕೊಡಲಿ. ಕಾಯಿದೆಯ ಅಡ್ಡಿಯಿದ್ದರೆ, ೨೦೧೯ರಲ್ಲಿ ಇತರರಿಗಾಗಿ ತಿದ್ದಿದ ಅದೇ ಕಾಯಿದೆಯನ್ನು ಇನ್ನೊಮ್ಮೆ ತಿದ್ದಲಿ. ೧೯೬೪ರಲ್ಲಿ ಈ ಜನರನ್ನು ಕೇಳದೆ ಹಂಚಿದ ಎರಡು ಸರಕಾರಗಳಲ್ಲಿ ಒಂದು ನಮ್ಮದಾಗಿತ್ತು.