ತಿಮಿಂಗಿಲವೇ ಬರಲಿ
ಆರ್ಕ್‌ಟಿಕ್ ಕಡೆಯಿಂದ ಸಾವಿರಾರು ಕಿಲೋಮೀಟರ್ ಈಜಿ ಬರುವ ಬೂದು ತಿಮಿಂಗಿಲಗಳು ಚಳಿಗಾಲದಲ್ಲಿ ಮೆಕ್ಸಿಕೊದ ಸಾನ್ ಇಗ್ನಾಸಿಯೊ ಲಗೂನಿನಲ್ಲಿ ಮರಿ ಹಾಕುತ್ತವೆ. ಬೇಟೆಯ ಕಾಲದಲ್ಲಿ ಈಟಿ ಎಸೆದವರ ದೋಣಿಯನ್ನೇ ಒಡೆಯುತ್ತಿದ್ದ ಇವುಗಳಿಗೆ ಅಲ್ಲಿನ ಮೀನುಗಾರರೂ ಹೆದರಿ ದೂರವಿರುತ್ತಿದ್ದರು. 1972ರಲ್ಲಿ ಪಾಚಿಕೊ ಮಾಯೊರಾಲ್ ಎಂಬ ಮೀನುಗಾರರು ತಮ್ಮ ದೋಣಿಗೆ ಒತ್ತಿ ನಿಂತ ತಿಮಿಂಗಿಲವೊಂದನ್ನು ಕೈಚಾಚಿ ಮುಟ್ಟಿದರು. ಊರಿನ ಭಯ ಮೆಲ್ಲಗೆ ಕರಗಿತು. ಈಗ ಮೀನುಗಾರರ ಪಾಂಗಾ ದೋಣಿಗಳಲ್ಲೇ ಪ್ರವಾಸಿಗರು ಸಣ್ಣ ಗುಂಪಾಗಿ ಹೋಗುತ್ತಾರೆ. ಒಮ್ಮೆಗೆ ಇಂತಿಷ್ಟೇ ದೋಣಿ ಎಂಬ ಮಿತಿಯಿದೆ, ಅಟ್ಟಿಸಿಕೊಂಡು ಹೋಗುವಂತಿಲ್ಲ. ಕಾದರೆ ಎಷ್ಟೋ ಸಲ ತಾಯಿಯೇ ಮರಿಯನ್ನು ದೋಣಿಯ ಪಕ್ಕಕ್ಕೆ ಕರೆತರುತ್ತದೆ. ಈ ಕಾಯುವಿಕೆಯೇ ಆ ಪ್ರವಾಸದ ಘನತೆ ಎಂದು ನಾನು ನಂಬಿದ್ದೇನೆ. ತಿಮಿಂಗಿಲ ನೋಡಲು ನೀವು ಎಲ್ಲಿಗೇ ಹೋಗಿ, ಹಣ ಕೊಡುವ ಮೊದಲು ದೋಣಿಯವರನ್ನು ಕೇಳಿ: ಎಷ್ಟು ಜನ, ಎಷ್ಟು ದೂರದಲ್ಲಿ ನಿಲ್ಲಿಸುತ್ತೀರಿ?