ತಿಮಿಂಗಿಲದ ಚಾರ್ಟಿನಲ್ಲಿ ಬಾಣಗಳು ಬೇಡ

ಜೀವವಿಕಾಸದ ಅಭ್ಯಾಸ ಪಾಠಗಳನ್ನು ವೀಕ್ಷಿಸುವಾಗ ತಿಮಿಂಗಿಲದ ಚಾರ್ಟ್ ಮತ್ತೆ ಮತ್ತೆ ಎದುರಾಗುತ್ತದೆ. ಎಡತುದಿಯಲ್ಲಿ ನಾಲ್ಕು ಕಾಲಿನ ಪ್ರಾಣಿ, ಬಲತುದಿಯಲ್ಲಿ ತಿಮಿಂಗಿಲ, ನಡುವೆ ಬಾಣಗಳು. ನೋಡಲು ಅಂದವಾಗಿರುತ್ತದೆ, ಪಾಠವೂ ಬೇಗ ಮುಗಿಯುತ್ತದೆ. ಆದರೆ ಆ ಬಾಣಗಳು ಮಕ್ಕಳಲ್ಲಿ ಎರಡು ತಪ್ಪು ಕಲ್ಪನೆಗಳನ್ನು ಬಿತ್ತುತ್ತವೆ ಎಂಬುದು ನನ್ನ ಅಭಿಪ್ರಾಯ. ಪ್ರಾಣಿಯು ಈಜುವ ಆಸೆಯಿಂದ ಬದಲಾಯಿತು ಎಂಬುದು ಒಂದು. ಚಾರ್ಟಿನಲ್ಲಿರುವವೆಲ್ಲ ಅಜ್ಜ, ಮಗ, ಮೊಮ್ಮಗ ಎಂಬುದು ಇನ್ನೊಂದು.

ಇಂಡೋಹಯಸ್ ಉದಾಹರಣೆ ನೋಡಿ. ಜಮ್ಮುವಿನ ಕಾಲಾಕೋಟ್ ಪ್ರದೇಶದ ಪಳೆಯುಳಿಕೆಗಳಿಂದ ಭೂವಿಜ್ಞಾನಿ ಎ. ರಂಗರಾವ್ 1971ರಲ್ಲಿ ಇದನ್ನು ಹೆಸರಿಸಿದರು. ಸಣ್ಣ ಜಿಂಕೆಯಂತಹ ಪ್ರಾಣಿ. ತಿಮಿಂಗಿಲಗಳ ಕಿವಿಮೂಳೆಯಲ್ಲಿರುವಂತಹ ದಪ್ಪನೆಯ ಒಳಗೋಡೆ ಇದಕ್ಕೂ ಇದೆಯೆಂದು 2007ರಲ್ಲಿ ಥೀವಿಸನ್ ಅವರ ತಂಡ ತೋರಿಸಿತು. ಹಾಗಾಗಿ ಚಾರ್ಟಿನ ಮೊದಲ ಸ್ಥಾನ ಇದಕ್ಕೇ ಸಿಗುತ್ತದೆ. ಆದರೆ ಈ ಪಳೆಯುಳಿಕೆಗಳ ವಯಸ್ಸು ಸುಮಾರು 4.8 ಕೋಟಿ ವರ್ಷ. ಅದರ ಮುಂದೆ ಬರೆಯುವ ಪಾಕಿಸೆಟಸ್ ಸುಮಾರು 5 ಕೋಟಿ ವರ್ಷ ಹಳೆಯದು. 'ಅಜ್ಜನಿಗಿಂತ ಮೊಮ್ಮಗ ಹಿರಿಯನೇ?' ಎಂದು ವಿದ್ಯಾರ್ಥಿಯೊಬ್ಬ ಕೇಳಿದರೆ ಬಾಣದ ಚಾರ್ಟಿನಲ್ಲಿ ಉತ್ತರವಿಲ್ಲ. ಇಂಡೋಹಯಸ್ ತಿಮಿಂಗಿಲದ ಅಜ್ಜನಲ್ಲ, ದಾಯಾದಿ. ಇಬ್ಬರಿಗೂ ಇನ್ನೂ ಹಿಂದಿನ ಮೂಲಪುರುಷ ಒಬ್ಬನೇ. ಬಾಣದ ಬದಲು ಕವಲೊಡೆದ ಮರ ಬರೆದರೆ ಇದು ತಾನಾಗಿ ತಿಳಿಯುತ್ತದೆ.

ಚಿತ್ರಕ್ಕಿಂತ ಮೊದಲು ಸಾಕ್ಷ್ಯ ಬರಲಿ. ಹಲ್ಲುಗಳ ಹೋಲಿಕೆಯಿಂದಾಗಿ ಮೆಸೊನಿಕಿಡ್ ಎಂಬ ಅಳಿದುಹೋದ ಗುಂಪೇ ತಿಮಿಂಗಿಲಗಳ ಮೂಲವೆಂದು ಅನೇಕ ತಜ್ಞರು ಬಹುಕಾಲ ನಂಬಿದ್ದರು. ಡಿಎನ್‌ಎ ಅಧ್ಯಯನಗಳು ನೀರಾನೆಯ ಕಡೆಗೆ ಬೆರಳು ತೋರಿದವು. 2001ರಲ್ಲಿ ಪಾಕಿಸ್ತಾನದ ಪ್ರಾಚೀನ ತಿಮಿಂಗಿಲಗಳ ಕಾಲಗಿಣ್ಣಿನ ಮೂಳೆಗಳ ವಿವರ ಪ್ರಕಟವಾಯಿತು. ಮೂಳೆಯ ಎರಡೂ ತುದಿಗಳು ರಾಟೆಯ ಆಕಾರದಲ್ಲಿದ್ದವು. ದನ, ಕುರಿ, ಹಂದಿ, ನೀರಾನೆಗಳ ಗುಂಪಿನ ಗುರುತೇ ಅದು. ಹೊಸ ಮೂಳೆ ಹಳೆಯ ಅಭಿಪ್ರಾಯವನ್ನು ಬದಲಿಸಿತು. ವಿಜ್ಞಾನದ ವಿಧಾನವನ್ನು ಕಲಿಸಲು ಇದಕ್ಕಿಂತ ಒಳ್ಳೆಯ ಪ್ರಸಂಗ ಬೇಕೆ?

ಪ್ರಶಿಕ್ಷಣಾರ್ಥಿಗಳು ತೊಳೆದ ಕುರಿಯ ಕಾಲಗಿಣ್ಣಿನ ಮೂಳೆಯನ್ನು, ಸಿಗದಿದ್ದರೆ ಅದರ ಚಿತ್ರವನ್ನು, ಪಳೆಯುಳಿಕೆಯ ಚಿತ್ರದ ಪಕ್ಕದಲ್ಲಿಟ್ಟು ಮಕ್ಕಳಿಂದಲೇ ಹೋಲಿಕೆ ಹೇಳಿಸಲಿ. ಈಜಿಪ್ಟಿನ ಬ್ಯಾಸಿಲೋಸಾರಸ್‌ನ ಸುಮಾರು 15 ಮೀಟರ್ ದೇಹವನ್ನೂ ಅದರ ಪುಟ್ಟ ಹಿಂಗಾಲುಗಳನ್ನೂ ತೋರಿಸಿ, 'ನಡೆಯಲಾಗದ ಈ ಕಾಲುಗಳು ಎಲ್ಲಿಂದ ಬಂದವು?' ಎಂದು ಕೇಳಲಿ.

ಮೌಲ್ಯಮಾಪನ ಮಾಡುವ ನಾವೂ ಚಾರ್ಟಿನ ಬಣ್ಣಕ್ಕೆ ಕೊಡುವ ಅಂಕಗಳಲ್ಲಿ ಒಂದೆರಡನ್ನಾದರೂ ಇಂತಹ ಪ್ರಶ್ನೆಗೆ ಮೀಸಲಿಡಬೇಕು.