ತಡವಾಗಿ ಬಂದ ತಡೆಯಾಜ್ಞೆ

ಶಿಗ್ಗಾಂವಿಗೆ ಸೊಸೆಯಾಗಿ ಬಂದಿರುವ ಸಹೋದರಿಯೊಬ್ಬರು ಮೊನ್ನೆ ಮಗಳನ್ನು ಕರೆದೊಯ್ಯಲು ಮದ್ರಸಕ್ಕೆ ಬಂದಾಗ ಒಂದು ಕಾಗದ ಕೊಟ್ಟರು. "ಆಪಾ, ಇದರಾಗ ಏನ್ ಬರದಾರ ಓದಿ ಹೇಳ್ರಿ."

ಅವರ ತವರು ಬೇರೆ ಜಿಲ್ಲೆ. ತಂದೆ ತಾಯಿ ತೀರಿಹೋಗಿದ್ದಾರೆ, ಇಬ್ಬರು ಅಣ್ಣಂದಿರಿದ್ದಾರೆ. ತಂದೆಯ ಮನೆ ಮತ್ತು ಹಿತ್ತಲ ಜಾಗದಲ್ಲಿ ಐದರಲ್ಲೊಂದು ಪಾಲು ಇವರದು. ಅದು ಸೂರಃ ಅನ್ನಿಸಾದಲ್ಲಿ ಅಲ್ಲಾಹನು ನಿಗದಿಪಡಿಸಿದ ಪಾಲು, ಅಣ್ಣಂದಿರ ಔದಾರ್ಯವಲ್ಲ. ಅವರು ಜಾಗ ಮಾರಲು ಹೊರಟಾಗ ಈಕೆ ಪಾಲಿಗಾಗಿ ದಾವೆ ಹೂಡಿ, ಜೊತೆಗೇ ಮಾರಾಟಕ್ಕೆ ತಾತ್ಕಾಲಿಕ ತಡೆ ಕೇಳಿದರು. ಒಬ್ಬ ಅಣ್ಣನಿಗೆ ನೋಟಿಸು ಮುಟ್ಟಲಿಲ್ಲ. ಮುಟ್ಟಿದವನ ವಕೀಲರು ತಕರಾರು ಸಲ್ಲಿಸಲು ಸಮಯ ಕೇಳಿದರು. ಬೇಸಿಗೆ ರಜೆ ಬಂತು. ನ್ಯಾಯಾಧೀಶರ ವರ್ಗಾವಣೆಯಾಯಿತು. ಹನ್ನೊಂದನೆಯ ತಿಂಗಳಲ್ಲಿ ಸಿಕ್ಕ ಆ ಕಾಗದ ತಡೆಯಾಜ್ಞೆಯೇ. ಆದರೆ ಜಾಗ ಏಳನೆಯ ತಿಂಗಳಲ್ಲೇ ಮಾರಾಟವಾಗಿತ್ತು!

ಎರಡನೆಯವನ ಮಾತು ಕೇಳದೆ ತೀರ್ಪು ಕೊಡಬಾರದೆಂದು ಪ್ರವಾದಿ(ಸ) ಅಲಿ(ರ)ರಿಗೆ ಕಲಿಸಿದ್ದರು. ಆದ್ದರಿಂದ ನೋಟಿಸು ಕೊಟ್ಟದ್ದು ತಪ್ಪಲ್ಲ. ಆದರೆ ಅಬೂ ಮೂಸಾ ಅಲ್ ಅಶ್‌ಅರೀ(ರ)ರಿಗೆ ಉಮರ್(ರ) ಬರೆದರೆನ್ನಲಾದ ಪ್ರಸಿದ್ಧ ಪತ್ರದಲ್ಲಿ, ಸಾಕ್ಷ್ಯ ತರಲು ಕೊಡುವ ಸಮಯಕ್ಕೂ ಒಂದು ಗಡುವು ಇರಬೇಕೆಂದಿದೆ.

ನಮ್ಮ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲೂ ಒಂದು ಗಡುವು ಇದೆ. 39ನೇ ಆದೇಶಕ್ಕೆ 1976ರಲ್ಲಿ ಸೇರಿಸಿದ 3ಎ ನಿಯಮದಂತೆ, ಎದುರು ಪಕ್ಷವನ್ನು ಕೇಳದೆ ತಡೆ ಕೊಟ್ಟಿದ್ದರೆ ಆ ಅರ್ಜಿಯನ್ನು 30 ದಿನಗಳಲ್ಲಿ ಇತ್ಯರ್ಥಪಡಿಸಲು ನ್ಯಾಯಾಲಯ ಪ್ರಯತ್ನಿಸಬೇಕು, ಆಗದಿದ್ದರೆ ಕಾರಣ ಬರೆಯಬೇಕು. ಗಮನಿಸಿ, ಇದು ತಡೆ ಸಿಕ್ಕಿರುವ ಪ್ರಕರಣಗಳಿಗೆ ಮಾತ್ರ. ತಡೆ ಸಿಗದೆ ಬರೀ ನೋಟಿಸು ಹೊರಟ ಈ ಸಹೋದರಿಯಂಥವರಿಗೆ ಆ ನಿಯಮದಲ್ಲಿ ದಿನಗಳ ಲೆಕ್ಕವೇ ಇಲ್ಲ. ನನಗೆ ಇದು ದೊಡ್ಡ ಕೊರತೆಯಾಗಿ ಕಾಣುತ್ತದೆ.

ಮನಸ್ಸಿದ್ದರೆ ಬೇಗ ಆಗುವುದಿಲ್ಲವೆಂದಲ್ಲ. 2022ರ ಆಗಸ್ಟ್ 30ರಂದು ಬೆಂಗಳೂರಿನ ಚಾಮರಾಜಪೇಟೆ ಈದ್ಗಾದ ಬಗ್ಗೆ ಸುಪ್ರೀಂ ಕೋರ್ಟು ಸಂಜೆಯೇ ಯಥಾಸ್ಥಿತಿಗೆ ಆದೇಶಿಸಿತು. ಅದೇ ರಾತ್ರಿ ಹುಬ್ಬಳ್ಳಿ ಈದ್ಗಾದ ಬಗ್ಗೆ ಅಂಜುಮನ್ ಕೇಳಿದ ತಡೆಯನ್ನು ಹೈಕೋರ್ಟು ವಿಚಾರಿಸಿ ನಿರಾಕರಿಸಿತು. ಒಂದು ಕಡೆ ಹೌದು, ಇನ್ನೊಂದು ಕಡೆ ಇಲ್ಲ. ಆದರೆ ಮರುದಿನ ಹಬ್ಬವಿದ್ದುದರಿಂದ ಉತ್ತರ ಹಿಂದಿನ ರಾತ್ರಿಯೇ ಬಂತು. ಹೆಣ್ಣುಮಗಳ ತವರುಮನೆಯ ಮಾರಾಟಕ್ಕೂ ಒಂದು "ಮರುದಿನ" ಇರುತ್ತದಲ್ಲವೇ?

ಕಾಗದ ಓದಿದ ಮೇಲೆ ಆಕೆ, "ಹಂಗಾದ್ರ ಎಲ್ಲಾ ಹೋತೇನ್ರಿ ಆಪಾ?" ಎಂದರು. ಹೋಗಿಲ್ಲ. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಮಿನ ಪ್ರಕಾರ, ದಾವೆ ನಡೆಯುತ್ತಿರುವಾಗ ಜಾಗ ಕೊಂಡವನೂ ದಾವೆಯ ತೀರ್ಪಿಗೆ ಬದ್ಧ. ಅವನನ್ನೂ ದಾವೆಯಲ್ಲಿ ಸೇರಿಸಲು ವಕೀಲರಿಗೆ ಹೇಳಿ, ಖಾತೆ ಬದಲಾವಣೆಗೆ ಲಿಖಿತ ತಕರಾರು ಕೊಡಿ ಎಂದೆ. ದಾವೆಯ ಮೊದಲ ದಿನವೇ ಮಾರಾಟದ ಮಾತುಕತೆಯ ವಿವರವನ್ನು ಪ್ರಮಾಣಪತ್ರದಲ್ಲಿ ಬರೆಸಿ, ನೋಟಿಸಿಗೆ ಮೊದಲೇ ತಡೆ ಬೇಕೆಂದು ಕೇಳಿದ್ದರೆ ಇನ್ನೂ ಚೆನ್ನಾಗಿತ್ತು. ಫೀಸಿಗೆ ಹಣವಿಲ್ಲವೆಂದು ಸುಮ್ಮನಾಗುವವರೂ ತಿಳಿದಿರಲಿ: 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರ ನೆರವಿದೆ. ತಾಲೂಕು ಕಾನೂನು ಸೇವೆಗಳ ಸಮಿತಿಯಲ್ಲಿ ವಿಚಾರಿಸಿ.

ಆಕೆ ಕಾಗದ ಮಡಚಿ ಬುರ್ಖಾದೊಳಗೆ ಇಟ್ಟುಕೊಂಡರು. ಮುಂದಿನ ತಾರೀಖಿಗೆ ಮಗಳನ್ನು ನಮ್ಮಲ್ಲೇ ಸಂಜೆಯ ತನಕ ಇರಿಸಿಕೊಳ್ಳಬಹುದೇ ಎಂದು ಕೇಳಿದರು. ಆಗಲಿ ಎಂದಿದ್ದೇನೆ.